ಉಪ್ಪಿನ ಗೂಡು

ದೆವ್ವ, ಗಾಳಿ, ಮೈಮೇಲೆ ಬರುವುದು, ಹಿಂದಿನ ಜನ್ಮ, ಇವು ಯಾವುದನ್ನೂ ನಾನು ನಂಬಿದವಳಲ್ಲ. ನಂಬಿದರೆ ನನ್ನ ಕೆಲಸವೇ ನಡೆಯುವುದಿಲ್ಲ. ಕಲಬುರಗಿಯ ಕೋಟನೂರ ಕಡೆ ಒಂದು ಸಂಸ್ಥೆಯಲ್ಲಿ ಹದಿನಾಲ್ಕು ವರ್ಷಗಳಿಂದ ದುಡಿಯುತ್ತಿದ್ದೇನೆ. ಬೀದಿಗೆ ಬಿದ್ದ ಹೆಣ್ಣುಮಕ್ಕಳಿಗೆ ಇರಲು ಜಾಗ, ಮನಸ್ಸಿನ ಕಾಯಿಲೆಗೆ ಔಷಧ, ಚೇತರಿಸಿಕೊಂಡವರ ಕೈಗೊಂದು ಕೆಲಸ, ಇದು ನಮ್ಮ ಕಸುಬು. "ಗಾಳಿ ಹೊಕ್ಕೈತ್ರಿ" ಎಂದು ಊರೂರು ತಿರುಗಿಸಿ, ಬೇವಿನ ಸೊಪ್ಪಿನಿಂದ ಹೊಡೆಸಿ, ಕೊನೆಗೆ ಬಸ್‌ಸ್ಟ್ಯಾಂಡಿನಲ್ಲಿ ಬಿಟ್ಟುಹೋದ ಹೆಂಗಸರನ್ನು ಎಷ್ಟೋ ನೋಡಿದ್ದೇನೆ. ಸರಿಯಾಗಿ ಮಾತ್ರೆ ನುಂಗಿ, ಹೊಟ್ಟೆ ತುಂಬ ಉಂಡು, ನಿದ್ದೆ ಮಾಡಿದರೆ ಯಾವ ಗಾಳಿಯೂ ನಿಲ್ಲುವುದಿಲ್ಲ ಎಂದು ಬಂದವರಿಗೆಲ್ಲ ಜೋರು ಮಾಡಿ ಹೇಳುತ್ತಿದ್ದೆ. ಈಗಲೂ ಹೇಳುತ್ತೇನೆ. ಆದರೆ ಕಮಲಾಪುರದ ಆ ಮನೆ ನೆನಪಾದರೆ ದನಿ ಸ್ವಲ್ಪ ಇಳಿಯುತ್ತದೆ.

ಕಲಬುರಗಿಯ ರೋಜಾ ಬಡಾವಣೆಯ ಹತ್ತಿರ ಒಂದು ಲಾಡ್ಜಿನ ಮೆಟ್ಟಿಲ ಮೇಲೆ ಕೂತಿದ್ದ ಹೆಂಗಸನ್ನು ನಾವೇ ಕರೆತಂದೆವು. ಐವತ್ತೈದರ ಆಸುಪಾಸು. ಊರು ಕೇಳಿದರೆ ಮಾತಿಲ್ಲ, ಹೆಸರು ಕೇಳಿದರೆ ಮಾತಿಲ್ಲ. ಗಂಗಮ್ಮ ಎಂದು ನಾವೇ ಕರೆದೆವು. ವಾರಕ್ಕೊಮ್ಮೆ ಬರುವ ಡಾಕ್ಟರು ಔಷಧ ಶುರು ಮಾಡಿದ ಐದಾರು ತಿಂಗಳಿಗೆ ತಾನೇ ತಲೆ ಬಾಚಿಕೊಳ್ಳತೊಡಗಿದಳು. ಆಮೇಲೊಂದು ದಿನ ನಮ್ಮ ರೊಟ್ಟಿ ಕೇಂದ್ರಕ್ಕೆ ಬಂದು ಒಲೆಯ ಮುಂದೆ ಕೂತಳು. ಊರಿನ ಖಾನಾವಳಿಗಳಿಗೆ ಜೋಳದ ರೊಟ್ಟಿ ಬಡಿದು ಕೊಡುವುದು ನಮ್ಮವರ ಉದ್ಯೋಗ. ಗಂಗಮ್ಮನ ರೊಟ್ಟಿ ಕಾಗದದಷ್ಟು ತೆಳ್ಳಗೆ. ಬಾಯಿ ಮಾತ್ರ ಒಂದೂವರೆ ವರ್ಷ ಬಿಚ್ಚಲಿಲ್ಲ.

ಇಲ್ಲಿ ನನ್ನ ಜಂಬದ ಒಂದು ಮಾತು ಹೇಳಬೇಕು. ಯಾರಾದರೂ ಬಂದು "ಈಕಿ ನಮ್ಮಾಕಿ" ಎಂದರೆ ಫೋಟೋ, ಕಾಗದ ಎಲ್ಲ ನೋಡಿಯೂ ನಾನು ಒಪ್ಪುವವಳಲ್ಲ. ಆಕೆಯನ್ನು ಅವರ ಮನೆಗೆ ಕರೆದುಕೊಂಡು ಹೋಗಿ, ನೇರ ಅಡುಗೆಮನೆಗೆ ಬಿಟ್ಟು ಸುಮ್ಮನೆ ನಿಲ್ಲುತ್ತೇನೆ. ಬಾಯಿ ಮರೆತದ್ದನ್ನು ಕೈ ಮರೆಯುವುದಿಲ್ಲ. ಕಡ್ಡಿಪೆಟ್ಟಿಗೆ ಎಲ್ಲಿ, ಸೌಟು ಎಲ್ಲಿ, ಕೈ ತಾನೇ ಹೋಗುತ್ತದೆ. ಒಮ್ಮೆ ಒಬ್ಬ, ಹೆಂಡತಿ ಎಂದು ಹೇಳಿ ಕಾಗದಪತ್ರ ಹಿಡಿದೇ ಬಂದಿದ್ದ. ಆಕೆ ಅವನ ಅಡುಗೆಮನೆಯಲ್ಲಿ ಬೀಗರ ಮನೆಗೆ ಬಂದವಳ ಹಾಗೆ ನಿಂತಳು. ವಾಪಸ್ಸು ಕರೆತಂದೆ. ಆಮೇಲೆ ಅವನ ಬಣ್ಣ ಬಯಲಾಯಿತು. ಈ ಪರೀಕ್ಷೆ ನಾನೇ ಕಂಡುಹಿಡಿದದ್ದು, ಒಮ್ಮೆಯೂ ಸುಳ್ಳಾಗಿರಲಿಲ್ಲ.

ಕಸ್ತೂರಿ ಬಂದದ್ದು ಒಂದು ಬೇಸಿಗೆಯಲ್ಲಿ. ಕಮಲಾಪುರದವಳು, ಶಾಲೆಯಲ್ಲಿ ಬಿಸಿಯೂಟದ ಅಡುಗೆ ಮಾಡುತ್ತಾಳೆ. ಒಂಬತ್ತು ವರ್ಷದ ಹಿಂದೆ ಅವಳ ತಾಯಿ ಭೀಮಬಾಯಿ, ತಲೆ ನೆಟ್ಟಗಿಲ್ಲದ ಕಾಲದಲ್ಲಿ, ಮನೆ ಬಿಟ್ಟು ಹೋದವಳು ತಿರುಗಿ ಬಂದಿರಲಿಲ್ಲ. ಯಾರದೋ ಮೊಬೈಲಿನಲ್ಲಿ ಗಂಗಮ್ಮನ ಫೋಟೋ ನೋಡಿ ಕಸ್ತೂರಿ ಓಡಿಬಂದಿದ್ದಳು. ಬಂದವಳೇ ಕಾಲು ಹಿಡಿದು ಗೋಳೋ ಎಂದು ಅತ್ತಳು. ಗಂಗಮ್ಮ ಅವಳ ತಲೆ ಮೇಲೆ ಕೈ ಇಟ್ಟಳು, ಅಷ್ಟೇ.

"ಅಳೂದು ಆಮ್ಯಾಲವ್ವ. ಮೊದಲ ನಿಮ್ಮನಿ ತೋರಸು" ಎಂದೆ ನಾನು.

ಮೂವರೂ ಬಸ್ಸಿನಲ್ಲಿ ಕಮಲಾಪುರಕ್ಕೆ ಹೋದೆವು. ಕಡು ಮಧ್ಯಾಹ್ನ. ಭೀಮಬಾಯಿಯ ಕಾಲದ್ದೇ ಎರಡು ಕೋಣೆಯ ಮನೆ. ನಾಲ್ಕು ವರ್ಷದ ಹಿಂದೆ ಕಸ್ತೂರಿಯ ಗಂಡ ಅಡುಗೆಮನೆಗೆ ಹೊಸದಾಗಿ ಸಿಮೆಂಟಿನ ಗಿಲಾಯಿ ಮಾಡಿಸಿ, ನೀಲಿ ಬಣ್ಣ ಹೊಡೆಸಿದ್ದ. ಹೋದವಳೇ ಕಸ್ತೂರಿ ಒಲೆಯ ಮೇಲೆ ಪುಂಡಿ ಪಲ್ಯ ಕುದಿಯಲು ಇಟ್ಟಳು. "ಉಪ್ಪು ಹಾಕವ್ವ" ಎಂದು ಗಂಗಮ್ಮನಿಗೆ ಹೇಳಿ ನಾನು ಗೋಡೆಗೆ ಒರಗಿ ನಿಂತೆ. ಉಪ್ಪಿನ ಡಬ್ಬಿ ಕಣ್ಣೆದುರಿಗೇ, ಒಲೆಯ ಮೇಲಿನ ಹಲಗೆಯ ಮೇಲಿತ್ತು.

ಆಕೆ ಅದರ ಕಡೆ ನೋಡಲೇ ಇಲ್ಲ. ಸರಸರನೆ ಬಾಗಿಲ ಹಿಂದೆ ಹೋದಳು. ಬಾಗಿಲನ್ನು ಸರಿಸಿ, ಕುಕ್ಕರಗಾಲಿನಲ್ಲಿ ಕೂತು, ಮೊಣಕಾಲ ಎತ್ತರದಲ್ಲಿ ಗೋಡೆಗೆ ಕೈ ಹಾಕಿದಳು. ಬರೀ ಗೋಡೆ. ಅಂಗೈಯಿಂದ ಅಲ್ಲೇ ತಟ್ಟಿದಳು, ಮತ್ತೆ ತಟ್ಟಿದಳು. ನಮ್ಮ ಕಡೆ ತಿರುಗಿ, ನಾನು ಕೇಳಿದ ಆಕೆಯ ಮೊದಲ ಮಾತು ಆಡಿದಳು:

"ಇಲ್ಲೇ ಇತ್ತಲ್ಲ?"

ಕಸ್ತೂರಿ "ಯವ್ವಾ!" ಎಂದು ಚೀರಿ ಅವಳನ್ನು ತಬ್ಬಿಕೊಂಡಳು. ಆಮೇಲೆ ಬಿಕ್ಕುತ್ತ ನನಗೆ ಹೇಳಿದಳು: "ಅಲ್ಲೇ ಉಪ್ಪಿನ ಗೂಡು ಇತ್ತರೀ ಅಕ್ಕಾರ. ನಾ ಸಣ್ಣಾಕಿದ್ದಾಗ, ಉಪ್ಪು ತಾ ಅಂದ್ರ ನನ್ನ ಕೈಗೆ ಸಿಗ್ಲಿ ಅಂತ ಅವ್ವ ಅಷ್ಟು ಕೆಳಗ ಮಾಡಿಸಿದ್ಳು. ನಮ್ಮನಿಯವ್ರು ಅದನ್ನ ಮುಚ್ಚಿಸ್ಯಾರ."

ಇನ್ನೇನು ಬೇಕು? ನನ್ನ ಕಣ್ಣಲ್ಲೂ ನೀರು ಬಂತು. ಸಹಿ ಮಾಡಿಸಿಕೊಂಡು, ಮಾತ್ರೆಯ ಚೀಟಿ ಕೊಟ್ಟು, ಕೆಂಪು ಬಾಳೆಹಣ್ಣಿನ ಒಂದು ಚಿಪ್ಪು ಕಟ್ಟಿಸಿಕೊಂಡು ವಾಪಸ್ಸಾದೆ. ಒಂದು ತಿಂಗಳು ಸಂಸ್ಥೆಯಲ್ಲಿ ನನ್ನದೇ ಮಾತು. ನನ್ನ ಬಡಾಯಿ ಕೇಳಿ ಕೇಳಿ ಎಲ್ಲರಿಗೂ ಸಾಕಾಗಿತ್ತು.

ನಾಲ್ಕು ತಿಂಗಳ ನಂತರ ಪಿಂಚಣಿಗೆಂದು ಕಸ್ತೂರಿ ಆಕೆಯ ಬೆರಳಚ್ಚು ಕೊಡಿಸಿ ಆಧಾರ್‌ಗೆ ಅರ್ಜಿ ಹಾಕಿಸಿದಳು. ಅರ್ಜಿ ತಿರಸ್ಕಾರವಾಯಿತು. ಈಕೆಗೆ ಮೊದಲೇ ಬೇರೆ ಹೆಸರಿನಲ್ಲಿ ಕಾರ್ಡು ಇತ್ತು. ಓಡಾಡಿ ಆ ಕಾರ್ಡು ತೆಗೆಸಿದವಳು ನಾನೇ. ಫೋಟೋದಲ್ಲಿ ಗಂಗಮ್ಮ, ಸ್ವಲ್ಪ ಎಳೆಯ ಮುಖ, ಹುಬ್ಬಿನ ಮೇಲೆ ಈಗಲೂ ಇರುವ ಗಾಯದ ಗುರುತು. ಊರು ಕೃಷ್ಣಾ ಹೊಳೆಯ ದಂಡೆಯ ಮೇಲಿನ ಒಂದು ಹಳ್ಳಿ. ಅಲ್ಲಿಗೂ ಹೋದೆ. ಅಣ್ಣ ಸಿಕ್ಕ. ತಂಗಿಯೇ ಎಂದು ಒಪ್ಪಿಕೊಂಡ, ಮದುವೆಯ ಫೋಟೋ ತೋರಿಸಿದ. ಗಂಡ ಸತ್ತಿದ್ದ, ಮಕ್ಕಳಿರಲಿಲ್ಲ. ಕಮಲಾಪುರದ ಹೆಸರೆತ್ತಿದರೆ, "ಆ ಕಡೆ ನಮ್ಮವ್ರು ಯಾರೂ ಇಲ್ರಿ. ಊರು ಬಿಡೂತನಕ ಆಕಿ ಹೊಳಿ ದಾಟಿದಾಕಿನೂ ಅಲ್ಲ" ಎಂದ. ಕರೆದುಕೊಂಡು ಹೋಗುತ್ತೀಯಾ ಎಂದು ಕೇಳಿದ್ದಕ್ಕೆ ನೆಲ ನೋಡಿದ.

ಬೀದಿಗೆ ಬಿದ್ದ ಮೇಲೆ ಅಲೆಯುತ್ತ ಒಮ್ಮೆ ಆ ಮನೆಗೆ ಹೋಗಿರಬಹುದೇ ಎಂದು ಯೋಚಿಸಿದೆ. ಆದರೆ ಆಕೆ ಊರು ಬಿಟ್ಟದ್ದು ಮೂರು ವರ್ಷದ ಹಿಂದೆ. ಗೂಡು ಮುಚ್ಚಿ ಆಗಲೇ ಒಂದು ವರ್ಷವಾಗಿತ್ತು. ಎಷ್ಟೋ ಹಳೆಯ ಮನೆಗಳಲ್ಲಿ ಉಪ್ಪಿಗೆ ಗೂಡು ಇರುತ್ತದೆ, ನಿಜ. ಅದು ಒಲೆಯ ಪಕ್ಕ, ಕೈಗೆ ಸಿಗುವ ಹಾಗಿರುತ್ತದೆ. ಬಾಗಿಲ ಹಿಂದೆ, ಮೊಣಕಾಲ ಎತ್ತರಕ್ಕೆ ಯಾರು ಮಾಡಿಸುತ್ತಾರೆ?

ಸುಮ್ಮನಿದ್ದುಬಿಡೋಣ ಎಂದು ಒಂದು ವಾರ ಅನ್ನಿಸಿತು. ನಾನು ಬಾಯಿ ಬಿಟ್ಟರೆ ಒಬ್ಬಳ ತಾಯಿ ಹೋಗುತ್ತಾಳೆ, ಇನ್ನೊಬ್ಬಳ ಮನೆ ಹೋಗುತ್ತದೆ. ಆದರೆ ನಿಯಮ ನಿಯಮವೇ. ಗುರುತು ತಪ್ಪಿದರೆ ವಾಪಸ್ಸು ಕರೆತರಬೇಕು. ಮತ್ತೆ ಕಮಲಾಪುರಕ್ಕೆ ಹೋದೆ.

ಅಡುಗೆಮನೆಯಲ್ಲಿ ಗಿಲಾಯಿ ಒಡೆದು ಗೂಡನ್ನು ಮತ್ತೆ ತೆರೆದಿದ್ದರು. ಅದರಲ್ಲಿ ಉಪ್ಪಿನ ಗಡಿಗೆ. ಗಂಗಮ್ಮ ಅದರ ಪಕ್ಕದಲ್ಲಿ ಕೂತು ರೊಟ್ಟಿ ಬಡಿಯುತ್ತಿದ್ದಳು. ನಾನು ಕಸ್ತೂರಿಗೆ ಎಲ್ಲವನ್ನೂ ಹೇಳಿದೆ. ಅವಳು ಅಳಲಿಲ್ಲ. ಇಷ್ಟೇ ಕೇಳಿದಳು: "ಹಂಗಾರ ನಮ್ಮವ್ವ ಇನ್ನೂ ಸಿಕ್ಕಿಲ್ಲೇನ್ರಿ?"

ಅಯ್ಯೋ ಶಿವನೇ! ತಪ್ಪು ನನ್ನದೇ ಎಂದೆ. ಗಂಗಮ್ಮನ ಮುಂದೆ ಕೂತು, "ಈ ಗೂಡು ನಿನಗ ಹ್ಯಾಂಗ ಗೊತ್ತಾತವ್ವ?" ಎಂದು ಕೇಳಿದೆ. ಆಕೆ ಗೂಡಿನ ಗಡಿಗೆಯಿಂದ ಚಿಟಿಕೆ ಉಪ್ಪು ತೆಗೆದು ಹಿಟ್ಟಿಗೆ ಹಾಕಿದಳು. "ನನ್ನ ಜೋಡಿ ಬರ್ತೀಯೇನು?" ಎಂದೆ. ಇಲ್ಲ ಎಂದು ತಲೆಯಾಡಿಸಿ, ಹಿಟ್ಟಿನ ಕೈ ಒರೆಸಿಕೊಳ್ಳದೆ ಮುಂದಿನ ಮುದ್ದೆ ನಾದತೊಡಗಿದಳು.

"ಒಯ್ಯಬ್ಯಾಡ್ರಿ ಅಕ್ಕಾರ" ಎಂದಳು ಕಸ್ತೂರಿ. "ನಮ್ಮವ್ವನೂ ಎಲ್ಲ್ಯಾರ ಒಬ್ಬರ ಮನ್ಯಾಗ ಹಿಂಗ ಉಪ್ಪು ಹುಡುಕಾಕತ್ತಿರಬೇಕು. ಆ ಮನಿಯವ್ರು ಆಕಿನ್ನ ಹೊರಗ ಹಾಕಬಾರದಲ್ರಿ?"

ನಾನು ಒಬ್ಬಳೇ ಬಸ್ಸು ಹತ್ತಿದೆ. ಮೇಲಿನವರ ಹತ್ತಿರ ಬೈಸಿಕೊಂಡು, ಕೊನೆಗೆ ಗಂಗಮ್ಮ ಅಲ್ಲೇ ಇರಲು ಒಪ್ಪಿಗೆ ಕೊಡಿಸಿದೆ. ಈಗಲೂ ಅಲ್ಲೇ ಇದ್ದಾಳೆ. ಅವಳಿಗೆ ಆ ಗೂಡು ಹೇಗೆ ಗೊತ್ತಿತ್ತೋ ನನಗೆ ಇವತ್ತಿಗೂ ಗೊತ್ತಿಲ್ಲ. ಡಾಕ್ಟರಿಗೂ ಗೊತ್ತಿಲ್ಲ. ಹೊಸದಾಗಿ ಯಾರೇ ಹೆಂಗಸು ನಮ್ಮಲ್ಲಿಗೆ ಬಂದರೂ ಮೊದಲ ದಿನವೇ ಅವಳ ಫೋಟೋವನ್ನು ಕಸ್ತೂರಿಗೆ ಕಳಿಸುತ್ತೇನೆ. "ಅಲ್ರಿ" ಎಂದು ಉತ್ತರ ಬರುತ್ತದೆ. ಅದರ ಹಿಂದೆಯೇ ಇನ್ನೊಂದು ಪ್ರಶ್ನೆ ಬರುತ್ತದೆ: "ಉಂಡಾರೇನ್ರಿ ಅವ್ರು?"