ನಾನು ಸಲ್ಲಿಸದ ಅರ್ಜಿ

ಸ್ವೀಡನ್ನಿನ ಉಪ್ಸಾಲಾಕ್ಕೆ, ಮಗಳ ಮನೆಗೆ ಬಂದ ಮೊದಲ ವಾರವೇ ಮೊಮ್ಮಗಳ ಎಂಟು ವರ್ಷದ ಗೆಳತಿ ನನ್ನನ್ನು “ಹೇ, ಸಂಜೀವ” ಎಂದು ಕರೆದಳು. ಊರಿನಲ್ಲಿ ನನ್ನ ಹೆಸರು ಬಾಯಲ್ಲಿ ಹೇಳುವವರಿರಲಿಲ್ಲ. ಎಲ್ಲರಿಗೂ ನಾನು ಧಣಿ. ಇಲ್ಲಿ ವೈದ್ಯರನ್ನೂ ಹೆಸರು ಹಿಡಿದೇ ಕರೆಯುತ್ತಾರೆ.

ನವೆಂಬರಿನಲ್ಲಿ ಮಧ್ಯಾಹ್ನ ಮೂರಕ್ಕೇ ಕತ್ತಲು. ಕುಳಿತಲ್ಲಿ ಕೂರಲಾಗದೆ ಬಸ್ಸು ಹತ್ತಿ ಕೊನೆಯ ನಿಲ್ದಾಣಕ್ಕೆ ಹೋಗಿ, ಅದೇ ಬಸ್ಸಿನಲ್ಲಿ ಮರಳುತ್ತೇನೆ.

ಒಂದು ಭಾನುವಾರ ಮಗಳು, ನಮ್ಮೂರಿನ ಸುಜಾತಳನ್ನು ಮನೆಗೆ ಫೀಕಾಕ್ಕೆ ಕರೆದಳು. ಫೀಕಾ ಎಂದರೆ ಕಾಫಿ, ದಾಲ್ಚಿನ್ನಿ ಬನ್ನು, ಹರಟೆ. ಸುಜಾತ ನಮ್ಮ ಗೇಣಿ ಒಕ್ಕಲು ಬಾಬುವಿನ ಮಗಳು, ಇಲ್ಲಿ ಔಷಧಗಳ ಸಂಶೋಧಕಿ. ಕಾಫಿ ಮುಗಿಸಿ, ಇಲ್ಲಿಯವರಂತೆ ತನ್ನ ತಟ್ಟೆ ತಾನೇ ಎತ್ತಿ ತೊಳೆಯಲು ಹೋದಳು. ನನಗೆ ನೋಡಲಾಗಲಿಲ್ಲ. ಅವಳಪ್ಪ ನಮ್ಮ ಅಂಗಳದಲ್ಲಿ ಉಂಡು, ಎಲೆ ಎತ್ತಿ, ಆ ಜಾಗಕ್ಕೆ ಸೆಗಣಿ ಸಾರಿಸಿ ಹೋಗುತ್ತಿದ್ದ.

“ಅಲ್ಲೇ ಇಡು ಮಗಾ, ನಾನು ತೊಳೀತೇನೆ.”

“ಧಣಿಗಳು ತೊಳೆದ್ರೆ ಅಪ್ಪ ನನ್ನನ್ನು ಮನೆಗೆ ಸೇರಿಸ್ಲಿಕ್ಕಿಲ್ಲ,” ಎಂದು ನಕ್ಕಳು. “ಮರ್ಯಾದೆಯೆಲ್ಲ ಅವರಿಗೆ ಚೆನ್ನಾಗಿ ಗೊತ್ತು. ಗದ್ದೆಯ ಡಿಕ್ಲರೇಶನ್ ಅರ್ಜಿ ಮಾತ್ರ ತಡ ಮಾಡಿ ಕೊಟ್ರು. ಅಮ್ಮ ಸಾಯುವವರೆಗೂ ಅದಕ್ಕೇ ಬೈತಿದ್ರು.”

ಬಾಬು ತಡ ಮಾಡಿರಲಿಲ್ಲ. ಉಳುವವನಿಗೇ ಭೂಮಿ ಎಂದು ಭೂಮಸೂದೆ ಬಂದಾಗ ಉಳಿದ ಒಕ್ಕಲುಗಳು ತಾವೇ ಅರ್ಜಿ ಕೊಟ್ಟು ಗದ್ದೆ ಪಡೆದರು. ಬಾಬು ಮಾತ್ರ ಹೆಬ್ಬೆಟ್ಟು ಒತ್ತಿದ ಅರ್ಜಿಯನ್ನು ನನ್ನ ಕೈಗೇ ತಂದುಕೊಟ್ಟ. “ನಿಮಗೆ ತಿಳಿಸದೆ ಕೊಟ್ರೆ ತಪ್ಪಾಗ್ತದೆ, ನೀವೇ ತಾಲೂಕು ಕಚೇರಿಗೆ ಮುಟ್ಟಿಸಿ,” ಎಂದ. ನಾನು ಅದನ್ನು ಬಚ್ಚಲ ಒಲೆಗೆ ಹಾಕಿದೆ. ಅವಧಿ ಮುಗಿದ ಮೇಲೆ, ನೀನು ತಡ ಮಾಡಿದೆ ಎಂದು ಅವನನ್ನೇ ಗದರಿದೆ. ನಂಬಿದ.

ಇದನ್ನು ಸುಜಾತಳಿಗೆ ಹೇಳಿಬಿಟ್ಟೆ. ಅವಳು ನಲ್ಲಿ ನಿಲ್ಲಿಸಿದಳು. ಕೈ ಒರೆಸಿಕೊಂಡು ಊರಿನ ನಂಬರು ಒತ್ತಿ, ಮೊಬೈಲನ್ನು ನನ್ನ ಕೈಗಿಟ್ಟಳು.

“ಅಪ್ಪನಿಗೇ ಹೇಳಿ.”

ಹೇಳಿದೆ.

“ಅವಳು ಇರುವಾಗ ಹೇಳ್ಬಹುದಿತ್ತು,” ಎಂದ ಬಾಬು, ಹೆಂಡತಿಯನ್ನು ನೆನೆದು. “ಇನ್ನು ಊರಿಗೆ ಬಂದು ನಾಲ್ಕು ಜನರ ಎದುರು ಹೇಳಿ.”

ಇಲ್ಲಿನ ವಾಸದ ಪರವಾನಗಿ ನವೀಕರಿಸುವ ಕಾಗದ ಮೇಜಿನ ಮೇಲಿದೆ. ಮಗಳು ದಿನವೂ ಸಹಿ ಕೇಳುತ್ತಾಳೆ. ಇಲ್ಲಿ ಯಾರೂ ನನ್ನನ್ನು ಅರಿಯರು. ಅಲ್ಲಿ ಎಲ್ಲರೂ ಬಲ್ಲರು, ಇದೊಂದನ್ನು ಬಿಟ್ಟು. ಇದನ್ನು ಓದುವ ನಿಮಗೆ ಬರೆದರೆ ನಾಲ್ಕು ಜನರ ಎದುರು ಹೇಳಿದಂತಾದೀತು ಎಂದುಕೊಂಡಿದ್ದೆ. ಬರೆದ ಮೇಲೆ ಹಾಗನಿಸುತ್ತಿಲ್ಲ. ಬಾಬು ಕರೆದದ್ದು ಊರಿಗೆ. ಅವನು ಉತ್ತ ಗದ್ದೆ ಇನ್ನೂ ನನ್ನ ಹೆಸರಿನಲ್ಲೇ ಇದೆ.