ಮಿಣುಕಂಟು ಮತ್ತು ನೆರಳು ಮರೆತ ಹುಡುಗಿ

ಬಿಳೇಕಹಳ್ಳಿಯ ನಮ್ಮ ಮನೆಯ ಮೇಲಿನ ಮಹಡಿಗೆ ಬಾಡಿಗೆಗೆ ಬಂದ ಹುಡುಗಿಯನ್ನು ಏನು ಕೆಲಸ ಎಂದು ಕೇಳಿದಾಗ, ಮೊಬೈಲಿನಲ್ಲಿ ಆಡುವ ಆಟಗಳಿಗೆ ಕಥೆ ಬರೆಯುತ್ತೇನೆ ಎಂದಳು. ಅಂಥದ್ದೊಂದು ಕೆಲಸ ಇದೆ ಎಂದೇ ನನಗೆ ಗೊತ್ತಿರಲಿಲ್ಲ. ಅವಳದು ಮನೆಯಿಂದಲೇ ಕೆಲಸ. ನಮ್ಮ ಯಜಮಾನರು ಹಾರ್ಡ್‌ವೇರ್ ಅಂಗಡಿಗೆ ಹೋದ ಮೇಲೆ ಕಾಫಿಗೆಂದು ಕೆಳಗೆ ಬರುವುದು ಅವಳಿಗೆ ರೂಢಿಯಾಯಿತು.

ಹಾಗೆ ಬಂದಾಗಲೇ ಒಂದು ದಿನ ತಾನು ಕಟ್ಟುತ್ತಿದ್ದ ಲೋಕದ ಬಗ್ಗೆ ಹೇಳಿದಳು. ಆ ನಾಡಿನಲ್ಲಿ ಸೂರ್ಯನಿಲ್ಲ. ನಾವಿಲ್ಲಿ ಮರೆತುಬಿಟ್ಟ ಕಥೆಗಳೆಲ್ಲ ನೆಲದೊಳಗೆ ಇಂಗಿ, ಅಲ್ಲಿಯ ಮರಗಳ ತೊಗಟೆಯಿಂದ ಒಸರುತ್ತವಂತೆ. ಅಲ್ಲಿಯವರು ಹೊಳೆಯುವ ಆ ರಸವನ್ನು ಕೆರೆದು ತಂದು ಬಾಗಿಲಿಗೆ, ಗೋಡೆಗೆ ಹಚ್ಚುತ್ತಾರೆ, ಮನೆ ಬೆಳಗುತ್ತದೆ. ಕಂಪನಿಯವರು ಅದಕ್ಕೊಂದು ಇಂಗ್ಲಿಷ್ ಹೆಸರಿಟ್ಟಿದ್ದರು. ಕನ್ನಡದಲ್ಲಿ ಏನೆನ್ನಬಹುದು ಎಂದು ನನ್ನನ್ನು ಕೇಳಿದಳು. ಚಿಕ್ಕಂದಿನಲ್ಲಿ ಜಾಲಿಮರದ ಅಂಟನ್ನು ಕಿತ್ತು ಚೀಪುತ್ತಿದ್ದದ್ದು ನೆನಪಾಗಿ, "ಮಿಣುಕಂಟು ಅನ್ನು" ಎಂದೆ. ಅವಳಿಗೆ ಎಷ್ಟು ಹಿಡಿಸಿತೆಂದರೆ, ಅವತ್ತಿನಿಂದ ಅವಳ ಬಾಯಲ್ಲಿ ಅದೇ ಹೆಸರು.

ಅರ್ಧ ಮರೆತ ಕಥೆ ನಿಮ್ಮಲ್ಲೇನಾದರೂ ಇದೆಯೇ ಎಂದೂ ಕೇಳಿದಳು. ಇಲ್ಲವೆಂದು ಲೋಟ ಎತ್ತಿಕೊಂಡು ಒಳಗೆ ಹೋದೆ. ತೊಳೆಯುತ್ತ ನಿಂತಾಗ ಅಕ್ಕ ನೆನಪಾದಳು.

ನಮ್ಮ ಮನೆ ಈಗ ನಿಂತಿರುವುದು ನನ್ನ ಅಪ್ಪನ ರಾಗಿ ಹೊಲದಲ್ಲಿ. ತೆನೆ ಬಲಿಯುವಾಗ ಅಕ್ಕನೂ ನಾನೂ ಅಟ್ಟಣೆಯ ಮೇಲೆ ಕೂತು ಹಕ್ಕಿ ಓಡಿಸುತ್ತಿದ್ದೆವು. ಅಲ್ಲಿ ಅವಳೊಂದು ಕಥೆ ಹೇಳುತ್ತಿದ್ದಳು. ಒಬ್ಬ ಹುಡುಗಿ ತನ್ನ ನೆರಳನ್ನು ಹೊಲದಲ್ಲೇ ಮರೆತು ಮನೆಗೆ ಬರುತ್ತಾಳೆ. ನಾಯಿ ಅವಳನ್ನು ಕಂಡು ಬೊಗಳುತ್ತದೆ. ಹೆತ್ತವ್ವನೇ ಯಾರು ನೀನು ಎನ್ನುತ್ತಾಳೆ. ಮುಂದಿನದು ನನಗೆ ನೆನಪಿಲ್ಲ. ಮರುವರ್ಷ ಅಕ್ಕ ಜ್ವರ ಬಂದು ತೀರಿಕೊಂಡಳು. ಅವಳ ಹೆಸರೆತ್ತಿದರೆ ನಮ್ಮವ್ವ ಊಟ ಬಿಡುತ್ತಿದ್ದಳು. ಹಾಗಾಗಿ ಯಾರೂ ಎತ್ತಲಿಲ್ಲ. ಬರಬರುತ್ತ ಅಂಥವಳೊಬ್ಬಳು ನಮ್ಮ ಮನೆಯಲ್ಲಿ ಹುಟ್ಟಿಯೇ ಇರಲಿಲ್ಲವೇನೋ ಎಂಬಂತಾಯಿತು.

ಮಾರನೆಯ ದಿನ ಇಷ್ಟನ್ನೂ ಮೇಲಿನ ಮನೆಯ ಹುಡುಗಿಗೆ ಹೇಳಿದೆ. ನನ್ನ ಗಂಡನಿಗೂ ಹೇಳಿರದಿದ್ದ ಮಾತು ಅದು. ಅವಳು ನನ್ನ ಕೈ ಹಿಡಿದುಕೊಂಡಳು. ಆಮೇಲೆ, ನೆರಳು ಮರೆತ ಆ ಹುಡುಗಿಯನ್ನು ತನ್ನ ಆಟದೊಳಗೆ ಕರೆದುಕೊಳ್ಳಲೇ ಎಂದು ಕೇಳಿದಳು. ಕರೆದುಕೋ ಎಂದೆ.

ಅಲ್ಲಿಂದ ದಿನಾ ಒಂದು ಸುದ್ದಿ. ಇವತ್ತು ಹುಡುಗಿ ಕಾಡು ದಾಟಿದಳು, ಇವತ್ತು ಮಿಣುಕಂಟು ಕದ್ದು ಸಿಕ್ಕಿಬಿದ್ದಳು ಎಂದು ಹೇಳುತ್ತಿದ್ದಳು. ಪಕ್ಕದ ಮನೆಯ ಮಗುವಿನ ಸಮಾಚಾರದಂತೆ ನಾನೂ ಕೇಳುತ್ತಿದ್ದೆ.

ಅವರೆಕಾಯಿ ಕಾಲ ಬಂತು. ನಾನು ಹೊರಗೆ ಕೂತು ಹಿದುಕವರೆ ಮಾಡುತ್ತಿದ್ದಾಗ ಅವಳು ತಲೆ ಕೂಡ ಬಾಚದೆ ಇಳಿದು ಬಂದಳು. ಒಂದೇ ಮೀಟಿಂಗಿನಲ್ಲಿ ಕಂಪನಿಯವರು ಆಟವನ್ನು ಕೈಬಿಟ್ಟಿದ್ದರು. ಕೆಲಸ ಉಳಿದಿತ್ತು, ಆದರೆ ಇನ್ನು ಮೇಲೆ ಅವಳು ಬರೆಯಬೇಕಾದದ್ದು ಹಣ್ಣು ಜೋಡಿಸುವ ಯಾವುದೋ ಆಟಕ್ಕೆ. ಅಳಲಿಲ್ಲ. ನನ್ನ ಪಕ್ಕ ಕೂತು ಕಾಳು ಹಿದುಕತೊಡಗಿದಳು. ಕಾಳುಗಳು ಬಟ್ಟಲಿಗೆ ಬೀಳದೆ ಅತ್ತ ಇತ್ತ ಹಾರುತ್ತಿದ್ದವು. ಏನು ಸಮಾಧಾನ ಹೇಳಬೇಕೋ ತಿಳಿಯದೆ, ಮನಸ್ಸಿನಲ್ಲಿದ್ದದ್ದನ್ನೇ ಕೇಳಿದೆ.

"ಆ ಹುಡುಗಿಗೆ ನೆರಳು ಸಿಕ್ತಾ?"

ಅವಳು ತಲೆಯೆತ್ತಿದಳು. "ಸಿಗುತ್ತೆ ಆಂಟಿ. ಬೆಳಕಿಲ್ಲದೆ ನೆರಳು ಕಾಣಲ್ವಲ್ಲ, ಅದಕ್ಕೆ ಮೈಗೆಲ್ಲ ಮಿಣುಕಂಟು ಹಚ್ಕೊಂಡು ಹೊಲಕ್ಕೆ ಹೋಗ್ತಾಳೆ. ನೆರಳು ಅಲ್ಲೇ ಹಕ್ಕಿ ಓಡಿಸ್ತಾ ಕೂತಿರುತ್ತೆ. 'ನೀನು ಬಂದೇ ಬರ್ತೀಯ ಅಂತ ಗೊತ್ತಿತ್ತು, ಅಲ್ಲಿವರೆಗೂ ಹೊಲ ನೋಡ್ಕೊಂಡಿದ್ದೆ' ಅನ್ನುತ್ತೆ."

ನನಗೆ ಅಳು ತಡೆಯಲಾಗಲಿಲ್ಲ. ಅಕ್ಕ ಹೇಳಿದ್ದು ಇದನ್ನೇ ಎಂದು ನಾನು ಹೇಳಲಾರೆ. ಬೇರೇನಾದರೂ ಹೇಳಿದ್ದರೂ ಆಗ ಅದು ನನಗೆ ಬೇಕೆನಿಸಲಿಲ್ಲ, ಅಷ್ಟೆ. ಕಣ್ಣೊರೆಸಿಕೊಂಡು, "ಆಟ ಹೋದ್ರೆ ಹೋಗ್ಲಿ ಕಣಮ್ಮ, ನನಗೆ ಮೊದಲಿಂದ ಹೇಳು" ಎಂದೆ.

ಭಾನುವಾರಗಳಂದು ಹೇಳಿದಳು. ಯುದ್ಧದ ಭಾಗ ನನಗೆ ಅಷ್ಟಾಗಿ ಅರ್ಥವಾಗಲಿಲ್ಲ. ಪೇಪರ್ ಓದುವವರಂತೆ ಪಕ್ಕದಲ್ಲೇ ಕೂರುತ್ತಿದ್ದ ನಮ್ಮ ಯಜಮಾನರು ಮಾತ್ರ ಅಲ್ಲೇ ಹೆಚ್ಚು ಪ್ರಶ್ನೆ ಕೇಳಿದ್ದು. ಹೇಳಿ ಹೇಳಿ ಅವಳಿಗೂ ಹುರುಪು ಬಂತು. ಈಗ ಅದನ್ನು ಪುಸ್ತಕವಾಗಿ ಬರೆಯುತ್ತಿದ್ದಾಳೆ.

ಅಕ್ಕ ಹೋದ ಮೇಲೆ ಹುಟ್ಟಿದ ನನ್ನ ತಮ್ಮ ಬನಶಂಕರಿಯಲ್ಲಿದ್ದಾನೆ. ಮೊನ್ನೆ ಊಟಕ್ಕೆ ಬಂದಿದ್ದಾಗ, ನಮಗೊಬ್ಬ ಅಕ್ಕನಿದ್ದಳು, ಕಥೆ ಹೇಳುತ್ತಿದ್ದಳು ಎಂದೆ. ಹಿರಿಯ ಮಗುವೊಂದು ಹೋಯಿತು ಎಂಬುದಷ್ಟೇ ಅವನಿಗೆ ಗೊತ್ತಿತ್ತು. ಕೈಯಲ್ಲಿದ್ದ ತುತ್ತನ್ನು ತಟ್ಟೆಗೇ ಇಟ್ಟ.

"ನೋಡಕ್ಕೆ ಹೆಂಗಿದ್ಲಕ್ಕ?"

ಅವಳ ಮುಖ ನನ್ನ ಕಣ್ಣಿಗೆ ಕಟ್ಟಿದಂತೆ ಬಂತು. ಎಡಗೆನ್ನೆಯಲ್ಲಿ ಗುಳಿ ಬೀಳುತ್ತಿತ್ತು ಎಂದು ಶುರುಮಾಡಿದೆ. ಅಂಗಡಿಗೆ ಹೋಗಬೇಕಿದ್ದ ಯಜಮಾನರು ಚಪ್ಪಲಿ ಬಿಟ್ಟು ಒಳಗೆ ಬಂದು ಕೂತರು.