ಹಬೆ ಯಂತ್ರಕ್ಕೆ ‘ನೀರಿಲ್ಲ’ ಎನ್ನುವ ಪುಷ್ಪಾ

ಬೆಳಗಿನ ಐದೂವರೆ. ಚಳ್ಳಕೆರೆಯ ಹೊಸ ಬಡಾವಣೆಯೊಂದರಲ್ಲಿ, ಈರುಳ್ಳಿ ವ್ಯಾಪಾರಿ ಜಯದೇವಪ್ಪನವರ ಹಿತ್ತಲಲ್ಲಿ ಪುಷ್ಪಾ ಕುಕ್ಕರಗಾಲಲ್ಲಿ ಕೂತಿದ್ದಾರೆ. ಮಹಡಿ ಟ್ಯಾಂಕಿನಿಂದ ಇಳಿದ ನಲ್ಲಿಯ ಕೆಳಗೆ ಲೀಟರ್ ಜಗ್ಗು, ಕಣ್ಣು ಕೈಗಡಿಯಾರದ ಮೇಲೆ. ಜಗ್ಗು ತುಂಬಲು ನಲವತ್ತು ಸೆಕೆಂಡು, ಒತ್ತಡ ಸಾಲದು. ಒಂದು ಹನಿ ನಾಲಿಗೆಗೆ ತಾಗಿಸಿ ಉಗಿಯುತ್ತಾರೆ.

“ಈ ನೀರಲ್ಲಿ ಬೇಳೆ ಬೇಯ್ತೈತೇನ್ರಿ?”

ಮನೆಯೊಡತಿ ರೇಣುಕಮ್ಮ ನಗುತ್ತಾರೆ. “ಬೋರ್ ನೀರಲ್ಲಿ ಯಾವ ಬೇಳೆ ಬೇಯ್ತೈತವ್ವ? ಅಡುಗೆಗೆ ಬೀದಿ ನಲ್ಲೀದೇ.”

ಬಿಸಿಗಾಳಿಯಲ್ಲಿ ಬಟ್ಟೆ ಒಣಗಿಸಿ ಹಬೆಯಲ್ಲಿ ಸುಕ್ಕು ಬಿಡಿಸುವ ಯಂತ್ರವೊಂದು ವರಾಂಡದಲ್ಲಿ ಪೆಟ್ಟಿಗೆಯೊಳಗೇ ಕಾಯುತ್ತಿದೆ. ಅದನ್ನು ಜೋಡಿಸುವ ಕೆಲಸ ಪುಷ್ಪಾ ಅವರದು. ಕಂಪನಿಯವರು ಕೊಟ್ಟ ಸಮಯ ಹನ್ನೊಂದು ಗಂಟೆ. ಬೀದಿ ನಲ್ಲಿಯಲ್ಲಿ ನೀರು ಬರುವುದು ಎಂಟು ದಿನಕ್ಕೊಮ್ಮೆ, ಅದೂ ನಸುಕಿನಲ್ಲಿ; ಇಂದು ಆ ದಿನ. ಎರಡೂ ನೀರು ನೋಡದೆ ಪೈಪು ಮುಟ್ಟಬಾರದೆಂದು ಅವರು ತಾವಾಗಿಯೇ ಬಂದಿದ್ದಾರೆ. ಈ ಹೊತ್ತನ್ನು ಯಾರೂ ಕೆಲಸವೆಂದು ಎಣಿಸುವುದಿಲ್ಲ.

ಮೂವತ್ತಾರರ ಪುಷ್ಪಾ ಮೊಳಕಾಲ್ಮೂರಿನ ನೇಕಾರರ ಮಗಳು. ಅಪ್ಪ ಬಾಲರಾಜ್ ರೇಷ್ಮೆಗೆ ಬಣ್ಣ ಹಾಕುತ್ತಿದ್ದವರು. ನೀರನ್ನು ನಾಲಿಗೆಯಲ್ಲೇ ಅಳೆದು, ಗಡಸೆನಿಸಿದರೆ “ಈ ನೀಳ್ಳು ಪಟ್ಟುಕು ಪನಿಕಿರಾವು” ಎಂದು ಮನೆಮಾತು ತೆಲುಗಿನಲ್ಲಿ ಹೇಳಿ ಚೆಲ್ಲುತ್ತಿದ್ದರು. ರೇಷ್ಮೆಗೆ ಆಗದ ನೀರು ಹಬೆಗೂ ಆಗದು ಎಂದು ಕಂಡುಕೊಂಡದ್ದು ಮಗಳು. ಮಗ್ಗ ನಿಂತ ಮೇಲೆ ಐಟಿಐ ಸೇರಿ ಪೈಪು ಕಲಿತರು. “ರಿಂಚ್ ಹಿಡಿದ ಹುಡುಗೀನ ಯಾರು ಮದ್ವೆ ಆಗ್ತಾರೆ ಅಂದ್ರು. ಆದೋರು ಆದ್ರು ಬಿಡಿ, ಅವರ ಮನೆ ನಲ್ಲೀನೂ ನಾನೇ ರಿಪೇರಿ ಮಾಡ್ತೀನಿ” ಎಂದು ನಗುತ್ತಾರೆ.

ದಿನಕ್ಕೆ ನಾಲ್ಕು ಮನೆ, ತಳಕಿನಿಂದ ಪರಶುರಾಂಪುರದವರೆಗೆ ಸ್ಕೂಟರ್. ಈ ವರ್ಷ ಜೋಡಿಸಿದ ಹಬೆ ಯಂತ್ರ ಹನ್ನೊಂದು. ಅದರಲ್ಲಿ ಏಳರ ಬಾಯಿ ಎರಡೇ ತಿಂಗಳಲ್ಲಿ ಉಪ್ಪು ಕಟ್ಟಿ ಮುಚ್ಚಿತು. ಏಳೂ ಬೋರ್ ನೀರಿನವು. ಬೈಗುಳ ಮಾತ್ರ ಪುಷ್ಪಾಗೆ: ‘ಫಿಟಿಂಗ್ ಸರಿಯಿಲ್ಲ.’

ಯಂತ್ರದ ಕೈಪಿಡಿ ಬರೆದವರು ಯಾವ ಊರಿನವರೋ. ತಣ್ಣೀರಿನ ಸಂಪರ್ಕ ಸದಾ ಇರಬೇಕಂತೆ, ಒತ್ತಡ ಬೇಕಂತೆ, ನೀರು ಮೆದುವಾಗಿರಬೇಕಂತೆ. ಕುಡಿಯುವ ಕೊಡಕ್ಕೆ ಎಂಟು ದಿನ ಕಾಯುವ ಊರಿಗೆ ಇದನ್ನು ಮಾರುವವರಿಗೆ ನಾಚಿಕೆ ಬೇಡವೇ? ಹೊಟ್ಟೆಗೆ ಹಿಟ್ಟಿಲ್ಲದಿದ್ದರೂ ಜುಟ್ಟಿಗೆ ಮಲ್ಲಿಗೆ! ಪುಷ್ಪಾಗೆ ಸಿಟ್ಟು ಬರುವುದು ಕೊಂಡವರ ಮೇಲಲ್ಲ. ರೇಣುಕಮ್ಮನವರ ಬಲಭುಜ ಹಿಡಿದುಕೊಂಡು ವರ್ಷವಾಯಿತು, ಒದ್ದೆ ಸೀರೆ ಎತ್ತಿ ತಂತಿಗೆ ಹಾಕಲಾಗದು. ಯಂತ್ರ ಅವರಿಗೆ ಬೇಕೇ ಬೇಕು. ಸಿಟ್ಟು ಬರುವುದು ಕಂಪನಿಯ ಮೊಬೈಲ್ ಆ್ಯಪ್‌ನ ಮೇಲೆ. ಅದರಲ್ಲಿ ಇರುವುದು ಎರಡೇ ಗುಂಡಿ: ಪೂರ್ಣ, ಅಪೂರ್ಣ. ಮೂರು ಸಲ ‘ಅಪೂರ್ಣ’ ಒತ್ತಿದರೆ ಕೆಲಸದ ಕಾರ್ಡೇ ರದ್ದು. ಪುಷ್ಪಾ ಈಗಾಗಲೇ ಎರಡು ಸಲ ಒತ್ತಿದ್ದಾರೆ.

“ನೀರಿಲ್ಲ ಅಂತ ಬರೆಯೋಕೆ ಒಂದು ಜಾಗ ಕೊಡ್ರಿ ಅಂತ ಎಷ್ಟು ಸಲ ಕೇಳಿದೀನಿ. ಅವರಿಗೆ ನೀರಿಲ್ಲ ಅನ್ನೋದು ನನ್ನ ಸೋಮಾರಿತನ.”

ಯಂತ್ರ ಮಾರಿದ ಅಂಗಡಿಯ ಈರೇಶ್ ಫೋನಿನಲ್ಲಿ ಉಪಾಯ ಹೇಳುತ್ತಾನೆ. ಯಂತ್ರಕ್ಕೆಂದೇ ಸಿಹಿನೀರಿನ ಬೇರೆ ಟ್ಯಾಂಕು, ಅದು ತುಂಬಲು ಬೀದಿ ಪೈಪಿಗೇ ಮೋಟರು. ಜಯದೇವಪ್ಪನವರೂ ತಲೆಯಾಡಿಸುತ್ತಾರೆ: “ಒಂದ್ಸಲಕ್ಕೆ ಒಂದು ಚೊಂಬು ಕುಡಿಯೋ ಮಿಷನ್ ಅಷ್ಟೇನಮ್ಮ!”

“ಮಿಷನ್ ಕುಡಿಯೋದು ಚೊಂಬು ಸಾರ್, ಮೋಟರ್ ಎಳೆಯೋದು ಇಡೀ ಬೀದೀನ” ಎನ್ನುತ್ತಾರೆ ಪುಷ್ಪಾ.

ಈ ಮಾತು ಅವರು ಕೇಳಿ ಕಲಿತದ್ದಲ್ಲ. ಹೋದ ವರ್ಷ ಪಕ್ಕದ ಬೀದಿಯಲ್ಲಿ ಅಂಥದೇ ಮೋಟರನ್ನು ಅವರೇ ಕೂರಿಸಿ ‘ಪೂರ್ಣ’ ಒತ್ತಿದ್ದರು. ಮುಂದಿನ ನೀರಿನ ದಿನ ಅದೇ ದಾರಿಯಲ್ಲಿ ಹೋದಾಗ, ಕೊನೆಯ ಮನೆಯ ಹೆಂಗಸರು ಮೂರು ಕೊಡಕ್ಕೇ ನಿಂತ ನಲ್ಲಿಯನ್ನು ಬಡಿಯುತ್ತಿದ್ದರು. “ಯಾರು ಹಾಳು ಮಾಡಿದ್ರೋ ಅಂತ ಶಾಪ ಹಾಕ್ತಿದ್ರು. ನಾನೇ ಅನ್ನೋಕೆ ಬಾಯಿ ಬರ್ಲಿಲ್ಲ.”

ಇಂದು ಹನ್ನೊಂದಕ್ಕೆ ಕಾಯದೆ ಆಗಲೇ ಯಂತ್ರವನ್ನು ಕೂರಿಸಿ, ನೀರಿನ ಬಾಯಿಗೆ ಮುಚ್ಚಳ ಬಿಗಿದು, ಬರೀ ಬಿಸಿಗಾಳಿಯಲ್ಲಿ ಓಡಿಸಿ ತೋರಿಸುತ್ತಾರೆ. ಸೀರೆ ಒಣಗುತ್ತದೆ, ಸುಕ್ಕು ಉಳಿಯುತ್ತದೆ. “ಒಣಗಿದ್ರೆ ಸಾಕವ್ವ, ಸುಕ್ಕು ನನ್ನ ಮುಖದಾಗೂ ಐತೆ” ಎಂದು ರೇಣುಕಮ್ಮ ಬೆಚ್ಚಗಿನ ಸೀರೆಯನ್ನು ಮಡಿಲಿಗೆ ಹಾಕಿಕೊಳ್ಳುತ್ತಾರೆ. ಜಯದೇವಪ್ಪನವರಿಗೆ ಸಮಾಧಾನವಿಲ್ಲ. ಹಬೆಗೂ ಸೇರಿಸಿ ಬೆಲೆ ಕೊಟ್ಟವರು. ಅತ್ತ ಈರೇಶ್ “ಪೂರ್ಣ ಅಂತ ಒತ್ತಿ ಬಾ, ಮೋಟರ್‌ಗೆ ಬೇರೆ ಯಾರನ್ನಾದ್ರೂ ಕಳಿಸ್ತೀನಿ” ಎಂದು ಗದರುತ್ತಾನೆ.

ಒತ್ತಿದರೆ ಕಾರ್ಡ್ ಉಳಿಯುತ್ತದೆ, ಮೋಟರು ಬರುತ್ತದೆ. ಪುಷ್ಪಾ ಫೋನನ್ನು ಕಿಸೆಗೆ ಹಾಕುತ್ತಾರೆ. ಆಮೇಲೆ ಜಯದೇವಪ್ಪನವರನ್ನು ಕರೆದು, ಪಕ್ಕದ ಬೀದಿಯ ಶಾಪದ ಕಥೆಯನ್ನು ತಮ್ಮ ಹೆಸರಿನ ಸಮೇತ ಹೇಳುತ್ತಾರೆ. ರೇಣುಕಮ್ಮನವರೇ ತೀರ್ಮಾನ ಹೇಳುತ್ತಾರೆ: “ನಮ್ಮನೆಗೆ ಮೋಟರ್ ಬೇಡ.” ಹಬೆ ಬಾರದ ಯಂತ್ರಕ್ಕೆ ‘ಪೂರ್ಣ’ ಎಂದರೆ ಸುಳ್ಳು; ಪುಷ್ಪಾ ಮೂರನೆಯ ಸಲ ‘ಅಪೂರ್ಣ’ ಒತ್ತುತ್ತಾರೆ. ನಿಮಿಷದೊಳಗೆ ಉತ್ತರ: ಕಾರ್ಡ್ ರದ್ದು. ಹನ್ನೆರಡು ವರ್ಷದ ದುಡಿಮೆಗೆ ಒಂದು ಸಾಲಿನ ವಿದಾಯ. ಇಷ್ಟು ನಿರ್ದಯವಾಗಿ ಬರೆಯಲು ಮನುಷ್ಯರಿಂದ ಆಗದು, ಅದಕ್ಕೇ ಯಂತ್ರದ ಕೈಯಲ್ಲಿ ಬರೆಸುತ್ತಾರೆ.

ಸ್ಕೂಟರ್ ಮನೆಯ ಕಡೆ ತಿರುಗುವುದಿಲ್ಲ. ಅದೇ ಬೀದಿಯ ತುದಿಗೆ ಹೋಗಿ ನಿಲ್ಲುತ್ತದೆ. ಅಲ್ಲಿ ಉಚ್ಚಂಗೆಮ್ಮ ಎಂಬ ಮುದುಕಿ ನಲ್ಲಿಗೆ ಕೊಡ ಹಿಡಿದಿದ್ದಾಳೆ. ಇವರ ಗುರುತು ಅವಳಿಗಿಲ್ಲ.

“ಎಷ್ಟು ಕೊಡ ಆಯ್ತಜ್ಜಿ?”

“ಒಂಬತ್ತು ಕಣವ್ವ. ಇನ್ನೂ ಬರ್ತೈತೆ.”

ಪುಷ್ಪಾ ಹೆಲ್ಮೆಟ್ ಹಾಕಿಕೊಳ್ಳುತ್ತಾರೆ. “ಅಪೂರ್ಣ ಅಂತ ಬರ್ಕೊಂಡ್ರೆ ಬರ್ಕೊಳ್ಳಿ. ನನ್ ಕೆಲ್ಸ ಪೂರ್ತಿ ಆಗೈತೆ.”